41ನೇ ಓವರಿಗೇ ಹೋಗ್ತೈತಿ ಕರೆಂಟು

ಶಕ್ತಿನಗರದಾಗ 1720 ಮೆಗಾವಾಟಿನ ಶಾಖೋತ್ಪನ್ನ ಕೇಂದ್ರ ಇಟ್ಕೊಂಡ ರಾಯಚೂರಿಗೆ ಭಾರತ-ಆಸ್ಟ್ರೇಲಿಯಾ ಒನ್‌ಡೇ ದಿನಾನೇ ಕರೆಂಟ್ ಯಾಕ್ರೀ ಮುನಿಸ್ಕೊಳ್ತೈತಿ? ಮೊದಲ ಹತ್ತು ಓವರ್ ಪವರ್‌ಪ್ಲೇಗೆ ಇರ್ತೈತಿ, ನಡುವಿನ ಒಂಟಿ ರನ್ನಿನ ತೂಕಡಿಕೆಗೂ ಇರ್ತೈತಿ. 41ನೇ ಓವರಿಗೆ ಐದನೇ ಫೀಲ್ಡರ್ ಬೌಂಡರಿ ಕಡೆ ಹೋಗೂದೇ ತಡ, ಹಿಂದೇ ಕರೆಂಟೂ ಹೋತು!

ಇನ್ವರ್ಟರಿಗೆ ಟಿವಿ ಲೈನ್ ಕೊಟ್ಟಿರೂದಿಲ್ಲ, ಫ್ಯಾನ್ ತಿರುಗಿದ್ರ ಸಾಕಂತ (ಈ ಊರಿನ ಬಿಸಲಿಗೆ ಅದೂ ಖರೇನ). ಮೊಬೈಲ್ ತೆರದ್ರ ಮೊದಲು ಜಾಹೀರಾತು, ಆಮ್ಯಾಲೆ ಅರ್ಧ ನಿಮಿಷ ಹಿಂದಿನ ಬಾಲು. ಅಷ್ಟರಾಗ ಬ್ಯಾರೆ ಕರೆಂಟ್ ಲೈನಿನ (ಫೀಡರಿನ) ಮುಂದಿನ ಓಣಿಯಾಗ ಪಟಾಕಿ ಢಂ! ಸಿಕ್ಸರ್ ಅಂತ ಗೊತ್ತಾದ ಮ್ಯಾಲೆ ಬೌಲರ್ ಓಡಿ ಬರೂದನ್ನ ನೋಡೂದು ಯಾವ ಜನ್ಮದ ಕರ್ಮ?

ಕರೆಂಟ್ ಬಂದ್ರೂ ಸೆಟ್‌ಟಾಪ್ ಬಾಕ್ಸ್ ಸಿಗ್ನಲ್ ಹುಡುಕ್ಕೋತ ಕುಂದರ್ತೈತಿ. ಚಿತ್ರ ಮೂಡೂದ್ರಾಗ ಆಟಗಾರರು ಕೈ ಕುಲುಕಾಕತ್ತಿರ್ತಾರ.