ಚರ್ಚೆ: ಪ್ಲಾಸ್ಟಿಕ್ ಕವರೋ, ಆಭಾ ಸಂಖ್ಯೆಯೋ?

ರೋಗಿಯ ದಾಖಲೆಗಳು ಕಾಗದದಲ್ಲೇ ಇರಬೇಕೋ, ಆಭಾ ಎಂಬ ಡಿಜಿಟಲ್ ಆರೋಗ್ಯ ಸಂಖ್ಯೆಗೆ ಜೋಡಣೆಯಾಗಬೇಕೋ? ಪರವಾಗಿ ಒಬ್ಬ ಡಾಕ್ಟರು, ವಿರೋಧವಾಗಿ ಆಸ್ಪತ್ರೆಯ ರೆಕಾರ್ಡ್ ರೂಮಿನಲ್ಲಿ ದುಡಿದವರೊಬ್ಬರು.

ಪರ: ಆ ಕವರ್ ಇನ್ನು ಸಾಕು

ನನ್ನ ಒಪಿಡಿಗೆ ಬರುವ ಬಹುತೇಕರ ಕೈಯಲ್ಲಿ ಬಟ್ಟೆ ಅಂಗಡಿಯ ಒಂದು ಕವರ್ ಇರುತ್ತದೆ. ಒಳಗೆ ಮೂರು ಊರುಗಳ ಡಾಕ್ಟರುಗಳ ಚೀಟಿ, ಅರ್ಧ ಖಾಲಿಯಾದ ಮಾತ್ರೆಯ ಪಟ್ಟಿ, ಮಸುಕಾದ ಸ್ಕ್ಯಾನಿಂಗ್ ರಿಪೋರ್ಟು. ಅವರ ಕಾಯಿಲೆಯ ಚರಿತ್ರೆಯೆಲ್ಲ ಅಷ್ಟೇ. ಬಸ್ಸಿನಲ್ಲಿ ಮರೆತರೆ ಅದೂ ಹೋಯಿತು.

ಒಬ್ಬ ಮಗ ಅಪ್ಪನ ಹಳೆಯ ಇಸಿಜಿ ಹಾಳಾಗಬಾರದೆಂದು ಲ್ಯಾಮಿನೇಷನ್ ಮಾಡಿಸಿ ತಂದಿದ್ದ. ಅದು ಶಾಖಕ್ಕೆ ಕಪ್ಪಾಗುವ ಥರ್ಮಲ್ ಕಾಗದ. ಯಂತ್ರದೊಳಗೆ ಹೋಗಿ ಬಂದ ಮೇಲೆ ಕಾಡಿಗೆ ಬಳಿದ ಹಲಗೆಯಂತಾಗಿತ್ತು. ಎದೆನೋವೆಂದು ಬಂದವರ ಇಸಿಜಿಯಲ್ಲಿ ಕಾಣುವ ಬದಲಾವಣೆ ಹಳೆಯದೋ, ಇವತ್ತಿನದೋ ಎಂದು ನಾನು ಯಾವುದಕ್ಕೆ ಹೋಲಿಸಲಿ?

ಇನ್ನೊಬ್ಬ ಅಜ್ಜಿ ಹಲ್ಲು ಕೀಳಿಸಿಕೊಂಡು, ರಾತ್ರಿಯಿಡೀ ರಕ್ತ ಉಗುಳಿ, ಬೆಳಗ್ಗೆ ನನ್ನಲ್ಲಿಗೆ ಬಂದರು. ಹೃದಯದ ಕವಾಟ ಬದಲಿಸಿಕೊಂಡವರು. ರಕ್ತ ಹೆಪ್ಪುಗಟ್ಟದಂತೆ ದಿನವೂ ವಾರ್ಫರಿನ್ ನುಂಗುತ್ತಿದ್ದರು. ಯಾವ ಮಾತ್ರೆ ಎಂದು ಹಲ್ಲಿನ ಡಾಕ್ಟರು ಕೇಳಿದಾಗ "ಬಿಪಿದು ಕಣಪ್ಪಾ" ಎಂದಿದ್ದರಂತೆ. ಉಳಿದುಕೊಂಡರು, ಪುಣ್ಯ.

ಆರೋಗ್ಯ ದಾಖಲೆಗಳನ್ನು ಡಿಜಿಟಲ್ ಆಗಿ ಜೋಡಿಸುವ ಕೇಂದ್ರ ಸರ್ಕಾರದ ಯೋಜನೆ, ಆಯುಷ್ಮಾನ್ ಭಾರತ್ ಡಿಜಿಟಲ್ ಮಿಷನ್, 2021ರ ಸೆಪ್ಟೆಂಬರ್‌ನಲ್ಲಿ ದೇಶಕ್ಕೆಲ್ಲ ಬಂತು. ಅದರಲ್ಲಿ ಸಿಗುವ 14 ಅಂಕಿಯ ಆಭಾ ಸಂಖ್ಯೆಗೆ ದಾಖಲೆಗಳನ್ನು ಜೋಡಿಸಿದ್ದರೆ ಆ ಅಜ್ಜಿಯ ಡಿಸ್ಚಾರ್ಜ್ ಸಮ್ಮರಿ ಹಲ್ಲಿನ ಡಾಕ್ಟರ ಮುಂದೆಯೇ ತೆರೆದುಕೊಳ್ಳಬಹುದಿತ್ತು. ದಾಖಲೆಗಳೆಲ್ಲ ದೆಹಲಿಯ ಯಾವುದೋ ಒಂದು ಪೆಟ್ಟಿಗೆಗೆ ಹೋಗಿ ಬೀಳುತ್ತವೆ ಎಂಬುದು ತಪ್ಪು. ಅವು ಹುಟ್ಟಿದ ಆಸ್ಪತ್ರೆ, ಲ್ಯಾಬುಗಳಲ್ಲೇ ಇರುತ್ತವೆ. ರೋಗಿ ಒಪ್ಪಿದರೆ ಮಾತ್ರ ಇನ್ನೊಬ್ಬರಿಗೆ ಕಾಣುತ್ತವೆ.

"ಕಳುವಾದರೆ?" ಎಂದು ಕೇಳುವವರು ಅದೇ ಫೋನಿನಲ್ಲಿ ಸೊಪ್ಪಿನವರಿಗೆ ದುಡ್ಡು ಕಳಿಸುತ್ತಾರೆ, ಅತ್ತೆಯ ರಕ್ತಪರೀಕ್ಷೆಯನ್ನು ಕುಟುಂಬದ ವಾಟ್ಸ್‌ಆ್ಯಪ್ ಗುಂಪಿಗೆ ಹಾಕುತ್ತಾರೆ. ಆಭಾ ಎಂದೊಡನೆ ಮಾತ್ರ ಗುಟ್ಟು ನೆನಪಾಗುತ್ತದೆ.

ವಿರೋಧ: ಗೆರೆ ಹೊಡೆದು ಸಹಿ ಹಾಕಿ

ವಿರೋಧಕ್ಕೆ ಯಾರೂ ಸಿಗಲಿಲ್ಲವೆಂದು ನನಗೆ ಹೇಳಿದರು. ಆಸ್ಪತ್ರೆಯ ರೆಕಾರ್ಡ್ ರೂಮಿನಲ್ಲಿ ಮೂವತ್ತು ವರ್ಷ ಗೆದ್ದಲಿನ ಜೊತೆ ಗುದ್ದಾಡಿದವನು ಕಾಗದದ ಪರ ನಿಲ್ಲುವುದು ತಮಾಷೆಯೇ. ಆಗಲಿ.

2022ರ ನವೆಂಬರ್‌ನಲ್ಲಿ ದೆಹಲಿಯ ಏಮ್ಸ್‌ನ ಸರ್ವರ್‌ಗಳ ಮೇಲೆ ಸೈಬರ್ ದಾಳಿಯಾಗಿ, ದಿನಗಟ್ಟಲೆ ಎಲ್ಲ ಕೈಬರಹಕ್ಕೆ ಮರಳಿತು. ಅಲ್ಲೇ ಹೀಗಾದರೆ ತಾಲ್ಲೂಕು ಆಸ್ಪತ್ರೆಯ ಗತಿ? ಖಾಸಗಿತನ ಮೂಲಭೂತ ಹಕ್ಕೆಂದು ಸುಪ್ರೀಂ ಕೋರ್ಟ್ 2017ರಲ್ಲೇ ಹೇಳಿದೆ. ಆ ಅರ್ಜಿ ಹಾಕಿದವರು ನಮ್ಮ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಪುಟ್ಟಸ್ವಾಮಿಯವರು. ಕಾನೂನಿನ ಮಾತು ಇಷ್ಟು ಸಾಕು, ನನಗೆ ಗೊತ್ತಿರುವುದು ರಿಜಿಸ್ಟರು.

ರಿಜಿಸ್ಟರಿನಲ್ಲಿ ತಪ್ಪಾದರೆ ಅದರ ಮೇಲೆ ಒಂದೇ ಗೆರೆ. ಪಕ್ಕದಲ್ಲಿ ಸರಿಯಾದದ್ದು, ಸಹಿ, ತಾರೀಕು. ಹಳೆಯದು ಓದಲು ಬರಬೇಕು, ವೈಟ್ನರ್ ಮುಟ್ಟುವಂತಿಲ್ಲ. ನನ್ನ ಕೊನೆಯ ವರ್ಷಗಳಲ್ಲಿ ಕಂಪ್ಯೂಟರ್ ಬಂತು. ಇಡೀ ವಾರ್ಡಿಗೆ ಒಂದೇ ಲಾಗಿನ್. ಪಾಸ್‌ವರ್ಡ್ ಬರೆದ ಚೀಟಿ ಮಾನಿಟರಿಗೇ ಅಂಟಿಸಿತ್ತು. ಒಂದು ದಿನ ಒಬ್ಬ ಮಂಜುನಾಥನ ಶುಗರ್ ರಿಪೋರ್ಟು ಇನ್ನೊಬ್ಬ ಮಂಜುನಾಥನ ಹೆಸರಿಗೆ ಸೇರಿತು. ಯಾರು ಹಾಕಿದ್ದು ಎಂದು ನೋಡಿದರೆ ಯಂತ್ರ ತೋರಿಸಿದ್ದು "ಸ್ಟಾಫ್ ನರ್ಸ್" ಎಂದಷ್ಟೇ. ಆ ವಾರ್ಡಿನಲ್ಲಿ ಸ್ಟಾಫ್ ನರ್ಸುಗಳು ಏಳು ಜನ. ಏಳೂ ಜನಕ್ಕೆ ನೋಟಿಸು, ಅವರ ಜೊತೆಗೆ ನನಗೂ ಒಂದು, ಯಾಕೆಂದು ಇವತ್ತಿಗೂ ತಿಳಿದಿಲ್ಲ. ಉತ್ತರವನ್ನು ಕಾಗದದಲ್ಲೇ ಬರೆದುಕೊಟ್ಟೆ, ನಕಲು ನನ್ನ ಬಳಿ ಇದೆ. ಆ ಏಳರಲ್ಲಿ ಇಬ್ಬರು ನೋಟಿಸು ಬಂದ ದಿನ ರಜೆಯಲ್ಲಿದ್ದರು, ತಪ್ಪಾದ ದಿನವೂ ರಜೆಯಲ್ಲೇ ಇದ್ದರು.

ಎದುರು ಬರೆಯುವ ಡಾಕ್ಟರು, ಆ್ಯಪ್ ಇದ್ದರೆ ಮನುಷ್ಯನಿಗೆ ಸಾವೇ ಇಲ್ಲ ಎನ್ನುವಂತೆ ಬರೆದಿರುತ್ತಾರೆ, ಬಿಡಿ.

ಅಂದ ಹಾಗೆ, ನನ್ನ ಹೆಂಡತಿಯ ಥೈರಾಯ್ಡ್ ರಿಪೋರ್ಟುಗಳನ್ನು ಮಗಳು ಆಭಾಗೆ ಜೋಡಿಸಿಕೊಟ್ಟಿದ್ದಾಳೆ. ಅನುಕೂಲವೇನೋ ಇದೆ. ಒಟಿಪಿ ಬರುವುದು ಮಗಳ ಫೋನಿಗೆ, ಅವಳು ಇರುವುದು ಪುಣೆಯಲ್ಲಿ.