ನಕ್ಷೆ ಕೇಳಿದರೆ ಕೇಸ್ ಇದೆಯಾ ಅಂತಾರೆ

ಎಡಿನ್‌ಬರೋದಲ್ಲಿ ನಾವಿರುವ ಬಾಡಿಗೆ ಮನೆಯ ಹಿತ್ತಲಲ್ಲಿ ಒಂದು ಮೂಲೆ ಯಾವಾಗಲೂ ಹಸಿ. ಬಟ್ಟೆ ಒಣಹಾಕಲು ಹೋದರೆ ಚಪ್ಪಲಿ ಹೂತುಕೊಳ್ಳುತ್ತದೆ. ಎಲ್ಲೋ ಪೈಪ್ ಒಡೆದಿರಬೇಕು ಅಂದುಕೊಂಡಿದ್ದೆ. ಪಕ್ಕದ ಮನೆ ಅಜ್ಜಿ ನಕ್ಕರು. "ಅಲ್ಲೊಂದು ಹೊಂಡ ಇತ್ತು, ಹಳೇ ಮ್ಯಾಪ್ ನೋಡು" ಎಂದರು.

ನೋಡಿದೆ. ಸ್ಕಾಟ್‌ಲೆಂಡಿನ ರಾಷ್ಟ್ರೀಯ ಗ್ರಂಥಾಲಯ ತನ್ನ ಹಳೇ ನಕ್ಷೆಗಳನ್ನು ಇಂಟರ್ನೆಟ್‌ಗೆ ಹಾಕಿಟ್ಟಿದೆ. ಎಡಗಡೆ ನೂರು ವರ್ಷ ಹಿಂದಿನ ಹಾಳೆ, ಬಲಗಡೆ ಇವತ್ತಿನ ಉಪಗ್ರಹದ ಚಿತ್ರ. ಒಂದು ಕಡೆ ಸರಿಸಿದರೆ ಇನ್ನೊಂದೂ ಜೊತೆಗೇ ಸರಿಯುತ್ತದೆ. ನಾನು ನೋಡಿದ್ದು ಬ್ರಿಟನ್ನಿನ ಸರ್ಕಾರಿ ನಕ್ಷೆ ಸಂಸ್ಥೆ ಆರ್ಡ್‌ನನ್ಸ್ ಸರ್ವೆಯ 25 ಇಂಚಿನ ನಕ್ಷೆ. ಅಂದರೆ ನೆಲದ ಮೇಲಿನ ಒಂದು ಮೈಲಿಗೆ ಕಾಗದದ ಮೇಲೆ 25 ಇಂಚು. ಬಾವಿಗೆ 'ಡಬ್ಲ್ಯು', ಪಂಪಿಗೆ 'ಪಿ' ಅಂತ ಗುರುತು ಹಾಕಿದ್ದಾರೆ. ನಮ್ಮ ಹಿತ್ತಲ ಮೂಲೆಯಲ್ಲಿ ಅಜ್ಜಿ ಹೇಳಿದ ಹೊಂಡ ಇತ್ತು, ಸಣ್ಣ ಹುರುಳಿಕಾಳಿನಷ್ಟು. ಇದನ್ನೆಲ್ಲ ನೋಡಲು ನನ್ನ ಹೆಸರನ್ನೂ ಯಾರೂ ಕೇಳಲಿಲ್ಲ.

ಖುಷಿಯಾಯಿತು. ಆಮೇಲೆ ಹೊಟ್ಟೆ ಉರಿಯಿತು.

ಯಾಕೆಂದರೆ ಹೋದ ಸಲ ನಾನು ರಜೆಗೆ ಊರಿಗೆ ಬಂದಾಗ ಅಕ್ಕ, ಭಾವ ಬೆಂಗಳೂರಿನ ಹೊರಗೆ ಒಂದು ಸೈಟು ನೋಡಿದ್ದರು. ಬ್ರೋಕರ್ ಪ್ರಕಾರ ಎಲ್ಲ 'ಕ್ಲಿಯರ್'. ಜಾಗ ಮಾತ್ರ ತಗ್ಗಿನಲ್ಲಿತ್ತು, ಒಂದು ಕಡೆ ಜೊಂಡು ಬೆಳೆದಿತ್ತು. ಅಲ್ಲೇ ಕುರಿ ಮೇಯಿಸುತ್ತಿದ್ದ ತಾತ ನಮ್ಮ ಕಾರನ್ನೂ ನಮ್ಮನ್ನೂ ನೋಡಿ, "ಮುಂಗಾರಲ್ಲಿ ಬಂದು ನೋಡಿ ಸ್ವಾಮಿ" ಅಂದರು. ನನಗೆ ಹುಳ ಬಿಟ್ಟ ಹಾಗಾಯಿತು. ಹಳೇ ಗ್ರಾಮ ನಕ್ಷೆ ನೋಡಿಬಿಡೋಣ ಎಂದು ಮಾರನೇ ದಿನ ಭೂದಾಖಲೆಗಳ ಕಚೇರಿಗೆ ಹೋದೆ.

"ಕೇಸ್ ಏನಾದ್ರೂ ಇದೆಯಾ ಸಾರ್?"

"ಇಲ್ಲ, ಸುಮ್ನೆ ನೋಡಬೇಕಿತ್ತು."

"ಸುಮ್ನೆ?" ಗುಮಾಸ್ತರು ಪೆನ್ನು ಕೆಳಗಿಟ್ಟರು. "ಆ ಸರ್ವೆ ನಂಬರಿಗೆ ನೀವು ಏನಾಗಬೇಕು?"

ಸರ್ವೆ ನಂಬರಿಗೆ ನಾನು ಏನೂ ಆಗಬೇಕಿರಲಿಲ್ಲ. ಸಾಹೇಬರು ಹೊರಗೆ ಹೋಗಿದ್ದಾರೆ, ಸೋಮವಾರ ಬನ್ನಿ ಎಂದರು. ಸೋಮವಾರ ನನ್ನ ವಿಮಾನ.

ನನ್ನ ತಕರಾರು ಇಷ್ಟೇ. ನಮ್ಮಲ್ಲಿ ನಕ್ಷೆ ಹೊರಗೆ ಬರುವುದು ಅಣ್ಣತಮ್ಮಂದಿರು ಪಾಲಿಗೆ ಕೂತಾಗ, ಇಲ್ಲಾ ಪಕ್ಕದವನು ಬದು ಒತ್ತಿದಾಗ. ಟಿಪ್ಪಣಿ, ಆಕಾರಬಂದ್, ಹದ್ದುಬಸ್ತು, ಎಲ್ಲ ಜಮೀನಿನ ಅಳತೆ, ಕಂದಾಯ, ಗಡಿಯ ಮಾತುಗಳೇ. ಈ ಮಾತುಗಳು ಕಿವಿಗೆ ಬಿದ್ದರೆ ಸಾಕು, ವಕೀಲರ ಫೀಸು ನೆನಪಾಗುತ್ತದೆ. ಇಲ್ಲಿ ನಿವೃತ್ತರಾದವರು ಭಾನುವಾರ ಬೆಳಿಗ್ಗೆ ಕಾಫಿ ಕುಡಿಯುತ್ತಾ ತಮ್ಮ ಬೀದಿಯ ಹಳೇ ನಕ್ಷೆ ನೋಡುತ್ತಾರೆ. ಯಾರ ಮೇಲೂ ಕೇಸ್ ಹಾಕಲಿಕ್ಕಲ್ಲ. ಸುಮ್ನೆ.

ದೇಶದ ಮಟ್ಟದಲ್ಲೂ ಇದೇ ಅನುಮಾನ. ದೇಶದ ನಕ್ಷೆ ತಯಾರಿಸುವ ಸರ್ವೆ ಆಫ್ ಇಂಡಿಯಾ 1767ರಲ್ಲಿ ಶುರುವಾದದ್ದು. ಬೆಟ್ಟ, ಕೆರೆ, ರಸ್ತೆ ಎಲ್ಲ ತೋರಿಸುವ ಅದರ ಹಾಳೆಗಳಿಗೆ ಟೋಪೋಶೀಟ್ ಅಂತಾರೆ. ಇಂಥ ಹಾಳೆಗಳನ್ನು ಜನ ಪುಕ್ಕಟೆ ಇಳಿಸಿಕೊಳ್ಳಲಿ ಎಂದು ಬಿಟ್ಟದ್ದು 2017ರಲ್ಲಿ, ಅಂದರೆ 250 ವರ್ಷದ ನಂತರ. ಅದಕ್ಕೂ ಆಧಾರ್ ನಂಬರ್ ಕೊಡಬೇಕಿತ್ತು. ಬೆಟ್ಟ ಎಲ್ಲಿದೆ, ಕೆರೆ ಎಲ್ಲಿದೆ ಎಂದು ನೋಡಲು ಆಧಾರ್!

ನಕ್ಷೆ ಕೈಗೆ ಸಿಗದ ಊರಿನಲ್ಲಿ ಕೆರೆ ಮರೆತುಹೋಗುವುದು ಸುಲಭ. ಮೆಜೆಸ್ಟಿಕ್ ಬಸ್ ನಿಲ್ದಾಣ ಇರುವುದು ಧರ್ಮಾಂಬುಧಿ ಕೆರೆಯಲ್ಲಿ. ಸಂಪಂಗಿ ಕೆರೆ ಕಂಠೀರವ ಕ್ರೀಡಾಂಗಣವಾಯಿತು, ಕರಗಕ್ಕೆಂದು ಒಂದು ಚೌಕದಷ್ಟು ನೀರು ಉಳಿಯಿತು. ಚಲ್ಲಘಟ್ಟ ಕೆರೆಯಲ್ಲಿ ಗಾಲ್ಫ್ ಆಡುತ್ತಾರೆ. ಮೆಜೆಸ್ಟಿಕ್ ಪಕ್ಕ ಟ್ಯಾಂಕ್ ಬಂಡ್ ರೋಡ್ ಅಂತ ಈಗಲೂ ಇದೆ. ಅಂದರೆ ಕೆರೆ ಏರಿ! ಕಾಲೇಜಿನ ನಾಲ್ಕು ವರ್ಷ ಅದನ್ನು ದಾಟಿ ಬಸ್ ಹಿಡಿದಿದ್ದೇನೆ. ಯಾವ ಕೆರೆಯ ಏರಿ ಎಂದು ಒಂದು ದಿನವೂ ಕೇಳಲಿಲ್ಲ. 2022ರ ಸೆಪ್ಟೆಂಬರ್ ಮಳೆಯಲ್ಲಿ ಹೊರ ವರ್ತುಲ ರಸ್ತೆಯ ಕಡೆ ಜನ ಟ್ರ್ಯಾಕ್ಟರ್ ಹತ್ತಿ ಆಫೀಸಿಗೆ ಹೋದಾಗ ಎಲ್ಲರ ಬಾಯಲ್ಲೂ ರಾಜಕಾಲುವೆ. ನೀರು ಇಳಿಯಿತು, ಮಾತೂ ಇಳಿಯಿತು.

ಇಷ್ಟು ಬೈದ ಮೇಲೆ ಎಡಿನ್‌ಬರೋದ ಗುಟ್ಟನ್ನೂ ಹೇಳಬೇಕು, ಇಲ್ಲದಿದ್ದರೆ ಅಕ್ಕ ಬಿಡುವುದಿಲ್ಲ. ಈ ಊರಿನ 1647ರ ನಕ್ಷೆಯಲ್ಲಿ ಕೋಟೆ ಬಂಡೆಯ ಬುಡಕ್ಕೆ ಉದ್ದಕ್ಕೂ ಒಂದು ಕೆರೆ ಇದೆ, ನಾರ್ ಲಾಖ್ ಅಂತ. ನಮ್ಮ ಹಾಗೇ ಊರಿನ ಕೊಳಕನ್ನೆಲ್ಲ ಅದಕ್ಕೇ ಬಿಟ್ಟು ಗಬ್ಬೆಬ್ಬಿಸಿದರು. 1759ರಿಂದ ನೀರು ಬಸಿದು ಖಾಲಿ ಮಾಡತೊಡಗಿದರು. ಅಲ್ಲಿ ಈಗ ಉದ್ಯಾನವಿದೆ. ಪೂರ್ವದ ತುದಿಯಲ್ಲಿ ವೇವರ್ಲಿ ರೈಲು ನಿಲ್ದಾಣ. ಮೆಜೆಸ್ಟಿಕ್‌ನಲ್ಲಿ ಇಳಿದವನಿಗೂ ವೇವರ್ಲಿಯಲ್ಲಿ ಇಳಿದವನಿಗೂ ಕಾಲ ಕೆಳಗೆ ಕೆರೆಯೇ. ಸ್ಕಾಟ್‌ಲೆಂಡಿನ ಮೊದಲ ದೊಡ್ಡ ಸರ್ವೆ ನಡೆದದ್ದೂ ಜನರ ಕುತೂಹಲ ತಣಿಸಲಿಕ್ಕಲ್ಲ. 1745ರಲ್ಲಿ ಬ್ರಿಟನ್ನಿನ ರಾಜನ ವಿರುದ್ಧ ದಂಗೆ ಆದ ಮೇಲೆ ಬೆಟ್ಟದ ಜನರನ್ನು ಹತೋಟಿಯಲ್ಲಿಡಲು ಸೈನ್ಯಕ್ಕೆ ನಕ್ಷೆ ಬೇಕಿತ್ತು. ವಿಲಿಯಂ ರಾಯ್ ಎಂಬಾತ 1747ರಲ್ಲಿ ಆ ಕೆಲಸ ಶುರು ಮಾಡಿದ.

ಇನ್ನೊಂದು ಮಾತು, ಮನಸ್ಸಿಲ್ಲದ ಮನಸ್ಸಿನಿಂದ. ಇಲ್ಲಿ ಯಾವ ಜಮೀನು ಯಾರದು ಎಂದು ನೋಡಬೇಕಾದರೆ ದುಡ್ಡು ಕಟ್ಟಬೇಕು. ನಮ್ಮಲ್ಲಿ ಪಹಣಿ ಮೊಬೈಲ್‌ನಲ್ಲೇ ಕಾಣುತ್ತದೆ. ದಿಶಾಂಕ್ ಆ್ಯಪ್ ಬಂದ ಮೇಲೆ, ನಿಂತ ಜಾಗದ ಸರ್ವೆ ನಂಬರೂ ಅಲ್ಲೇ ಗೊತ್ತಾಗುತ್ತದೆ. ಉಪಗ್ರಹದ ಚಿತ್ರದ ಮೇಲೆ ಗ್ರಾಮ ನಕ್ಷೆಯ ಗೆರೆಗಳನ್ನು ಹೊಂದಿಸಿದ್ದಾರೆ. ನಾನು ವಿಮಾನ ಇಳಿಯುವಷ್ಟರಲ್ಲಿ ಭಾವ ಅದೇ ಸೈಟಿನಲ್ಲಿ ನಿಂತು ಮೊಬೈಲ್ ಪರದೆಯ ಚಿತ್ರ ಕಳಿಸಿದ್ದರು. ಕಾಲುವೆಯ ಗೆರೆ ಸೈಟಿನ ನಟ್ಟನಡುವೆ ಹಾದುಹೋಗಿತ್ತು. "ನಿಮ್ಮ ಲೈಬ್ರರಿಯಲ್ಲಿ ಇದು ಸಿಗುತ್ತಿತ್ತೇನಯ್ಯಾ?" ಎಂದು ಕೆಳಗೆ ಬರೆದಿದ್ದರು.

ಸಿಗುತ್ತಿರಲಿಲ್ಲ. ಅವರು ಆ ಸೈಟು ಬಿಟ್ಟರು. ಹೋದ ತಿಂಗಳು ಅದನ್ನು ಬೇರೆ ಯಾರೋ ತಗೊಂಡು ಪಾಯ ತೆಗೆಸಿದ್ದಾರಂತೆ.