ಬೋಬೋ ಹಾಲೋಮನ್‌ನ ಚೀಟಿ, ನಮ್ಮ ಮಾವನ ಸ್ಕೋರ್‌ಬುಕ್ಕು

ಹೋದ ಭಾನುವಾರ ಪಕ್ಕದ್ಮನೆ ತಾತ ಗರಾಜ್ ಖಾಲಿ ಮಾಡ್ತಿದ್ರು, ಸ್ವಲ್ಪ ಕೈ ಹಾಕೋಣ ಅಂತ ಹೋದೆ. ಸೇಂಟ್ ಲೂಯಿಸ್‌ಗೆ ಬಂದು ಹನ್ನೊಂದು ವರ್ಷ ಆಯ್ತು, ಬೇಸ್‌ಬಾಲ್ ಅಂದ್ರೆ ನಂಗೆ ಇನ್ನೂ ಆಕಳಿಕೆನೇ. ಒಂದು ಬಿಸ್ಕೆಟ್ ಡಬ್ಬದಿಂದ ತಾತ ಮಡಚಿಟ್ಟ ಹಳದಿ ಕಾಗದ ತೆಗೆದು, ಒದ್ದೆ ಕೈ ಒರೆಸ್ಕೊಂಡು ಬಾ ಆಮೇಲೆ ಮುಟ್ಟು ಅಂದ್ರು. ಅವರಪ್ಪ ಪೆನ್ಸಿಲಲ್ಲಿ ಬರೆದ ಸ್ಕೋರ್‌ಕಾರ್ಡ್, 1953ರ ಮೇ 6. ಇಲ್ಲಿ ಮ್ಯಾಚ್ ನೋಡೋಕೆ ಹೋದೋರು ಕೂತಲ್ಲೇ ತಾವೇ ಸ್ಕೋರ್ ಬರ್ಕೊಳ್ಳೋ ಅಭ್ಯಾಸ ಇದೆ. ಸಣ್ಣ ಸಣ್ಣ ಚೌಕ, ಮಳೆ ಹನಿ ಬಿದ್ದು ಪೆನ್ಸಿಲ್ ಗೀಟು ಒಂದ್ ಕಡೆ ಬೂದಿ ಥರ ಹರಡ್ಕೊಂಡಿದೆ, ಸ್ಟ್ರೈಕ್‌ಔಟ್, ಅಂದ್ರೆ ಬಾಲ್ ಎಸೆಯೋನೇ ಔಟ್ ಮಾಡಿದ್ ಕಡೆ, ಮೂರು 'ಕೆ' ಮಾತ್ರ ಒತ್ತಿ ಬರೆದಿದ್ದಾರೆ.

ಆವತ್ತಿನ ಪಿಚರ್, ಅಂದ್ರೆ ನಮ್ಮ ಬೌಲರ್ ಇದ್ದಂಗೆ, ಬೋಬೋ ಹಾಲೋಮನ್ ಅಂತ. ನೀವ್ ಕೇಳಿರಲ್ಲ, ನಾನೂ ಕೇಳಿರ್ಲಿಲ್ಲ. ಜಾರ್ಜಿಯಾದವನು, ವರ್ಷಗಟ್ಟಲೆ ಸಣ್ಣ ಲೀಗುಗಳಲ್ಲಿ ಸುತ್ತಿ ಮೂವತ್ತರ ವಯಸ್ಸಲ್ಲಿ ಸೇಂಟ್ ಲೂಯಿಸ್ ಬ್ರೌನ್ಸ್ ಅನ್ನೋ ಸೋತು ಸುಣ್ಣವಾಗಿದ್ದ ಟೀಮಿಗೆ ಬಂದ. ಮೊದಲು ನಾಲ್ಕು ಸಲ ನಡುವೆ ಬಂದು ಎಸೆದು ಹೊಡೆಸ್ಕೊಂಡ, ನಂಗೆ ಶುರುವಿಂದ ಬಾಲ್ ಕೊಡಿ ಅಂತ ದುಂಬಾಲು ಬಿದ್ದ, ಸರಿ ಹೋಗು ಅಂತ ಕೊಟ್ರು. ಆ ರಾತ್ರಿ ಫಿಲಡೆಲ್ಫಿಯಾ ಅಥ್ಲೆಟಿಕ್ಸ್‌ಗೆ ಒಂಬತ್ತು ಇನಿಂಗ್ಸಲ್ಲಿ ಒಂದೇ ಒಂದು ಹಿಟ್ (ಬಾರಿಸಿ ಸೇಫಾಗಿ ಬೇಸ್ ಮುಟ್ಟೋದು) ಕೊಡ್ಲಿಲ್ಲ! ಇದಕ್ಕೆ ನೋ-ಹಿಟ್ಟರ್ ಅಂತಾರೆ, ಮೇಜರ್ ಲೀಗ್ ಅನ್ನೋ ದೊಡ್ಡ ಲೀಗಿನ ಮೊದಲ ಸ್ಟಾರ್ಟಲ್ಲೇ ಇದನ್ನ ಮಾಡಿದೋನು ಇಡೀ 20ನೇ ಶತಮಾನದಲ್ಲಿ ಇವನೊಬ್ಬನೇ. ಅದೇನು ಆಕಾಶ ಇಳಿಸೋ ಬೌಲಿಂಗ್ ಅಲ್ಲ ಮತ್ತೆ, ಐದು ಜನಕ್ಕೆ ವಾಕ್, ಅಂದ್ರೆ ಪುಕ್ಕಟೆ ಮೊದಲ ಬೇಸ್ ಕೊಟ್ಟಿದ್ದ, ಬಾರಿಸಿದ ಬಾಲೆಲ್ಲ ಫೀಲ್ಡರ್ ಕೈಗೇ ಹೋದ್ವು, ಎಂಟನೇ ಇನಿಂಗ್ಸಲ್ಲಿ ಬಿಲ್ಲಿ ಹಂಟರ್ ಡೈವ್ ಹೊಡೆದು ಒಂದನ್ನ ಉಳಿಸಿಕೊಟ್ಟ. ಮಳೆಯಲ್ಲಿ ಬಂದಿದ್ದು ಬರೀ 2,473 ಜನ. ಟೀಮ್ ಓನರ್ ಬಿಲ್ ವೆಕ್ ಅಂಥಾ ಮಳೇಲೂ ಬಂದಿದ್ದೀರಲ್ಲ ಅಂತ ಅದೇ ಟಿಕೆಟ್ ತುಂಡು ಇಟ್ಕೊಂಡು ಇನ್ನೊಂದು ಮ್ಯಾಚ್ ನೋಡಿ ಅಂತ ಅನೌನ್ಸ್ ಮಾಡಿಸಿದ್ನಂತೆ.

ಬ್ಯಾಟಿಂಗಲ್ಲೂ ಆವತ್ತು ಎರಡು ಹಿಟ್ ಹೊಡೆದ, ಮೂರು ರನ್ ತಂದ. ಮೇಜರ್ ಲೀಗಲ್ಲಿ ಅವನ ಹಿಟ್ ಅವೆರಡೇ, ಮುಂದೆ ಒಂದೂ ಇಲ್ಲ. ಒಟ್ಟು ಮೂರು ಗೆಲುವು, ಏಳು ಸೋಲು, ಇಆರ್‌ಎ (ಒಂಬತ್ತು ಇನಿಂಗ್ಸಿಗೆ ಸರಾಸರಿ ಕೊಟ್ಟ ರನ್ ಲೆಕ್ಕ) 5.23, ಒಂದೇ ಸೀಸನ್ನು, ಅಷ್ಟೇ ಅವನ ಕತೆ. ಫೋನಲ್ಲಿ ಹೆಸರು ಟೈಪ್ ಮಾಡಿದ್ರೆ ಇದೆಲ್ಲ ಬರುತ್ತೆ, ಯಾವ ಇನಿಂಗ್ಸಲ್ಲಿ ಯಾರು ಔಟು ಅಂತ ಕೂಡ.

ನಂಗೆ ಹೊಟ್ಟೆ ಉರೀತು. ನಮ್ಮ ಸೋದರಮಾವ ಬೆಂಗಳೂರು ಲೀಗಲ್ಲಿ ಮ್ಯಾಟ್ ಮೇಲೆ ಲೆಫ್ಟ್ ಆರ್ಮ್ ಸ್ಪಿನ್ ಹಾಕ್ತಿದ್ದೋರು, ಒಂದು ಮ್ಯಾಚಲ್ಲಿ ಏಳು ವಿಕೆಟ್. ಕ್ಲಬ್ಬು ಮುಚ್ಚಿದಾಗ ಸ್ಕೋರ್‌ಬುಕ್ ಮನೆಗೆ ತಂದು ಅಟ್ಟದಲ್ಲಿ ಇಟ್ಟಿದ್ರು, ಮನೆಗೆ ಬಣ್ಣ ಹೊಡೆಸೋವಾಗ ಹಳೇ ಪೇಪರ್‌ನವನ ತಕ್ಕಡಿಗೆ ಹೋಯ್ತು. ಯಾರೂ ಒಂದು ಮಾತು ಅನ್ಲಿಲ್ಲ, ಅವನೇನು ಇಂಡಿಯಾ ಆಡಿದ್ನಾ ಅಂತ ಅಜ್ಜಿನೇ ಅಂದ್ಬಿಟ್ರು. ನಮ್ಮಲ್ಲಿ ಇರೋದೇ ಇದೊಂದು ಪ್ರಶ್ನೆ ಕಣ್ರೀ. 1973-74ರಲ್ಲಿ ಕರ್ನಾಟಕ ಮೊದಲ ಸಲ ರಣಜಿ ಗೆದ್ದಾಗ ಪ್ರಸನ್ನ, ಚಂದ್ರಶೇಖರ್ ಜೊತೆಗಿದ್ದ ಲೆಫ್ಟ್ ಆರ್ಮ್ ಸ್ಪಿನ್ನರ್ ಯಾರು ಅಂತ ನಮ್ಮ ವಾಟ್ಸಾಪ್ ಗ್ರೂಪಲ್ಲಿ ಕೇಳಿದೆ, ಐವತ್ತು ಜನ ಕನ್ನಡಿಗರು, ಒಬ್ಬರೂ ವಿಜಯಕೃಷ್ಣ ಅನ್ಲಿಲ್ಲ. ಅಂಥವರಿಗೇ ಇಂಡಿಯಾ ಟೀಮಲ್ಲಿ ಬೇಡಿ ಅಡ್ಡ ಇದ್ರು ಅಂತ ಟೆಸ್ಟ್ ಸಿಗ್ಲಿಲ್ಲ, ನಂದೇನು ಮಹಾ ಅಂತ ಮಾವ ಯಾವಾಗ್ಲೂ ಅಂತಿದ್ರು. ಇಲ್ಲಿ ನೋಡಿದ್ರೆ ಒಂದು ರಾತ್ರಿ ಅದೃಷ್ಟ ಕುದುರಿದವನ ಚೀಟಿನ ಎಪ್ಪತ್ತು ವರ್ಷ ಬಿಸ್ಕೆಟ್ ಡಬ್ಬದಲ್ಲಿ ಕಾಪಾಡಿದ್ದಾರೆ!

ತಾತಂಗೆ ಹೀಗೆ ಹೊಗಳಿದೆ, ಅವರು ನಕ್ಕುಬಿಟ್ರು. ಆಮೇಲೆ ಏನಾಯ್ತು ಗೊತ್ತಾ ಅಂದ್ರು. ಮೇ ತಿಂಗಳಲ್ಲಿ ಹೆಗಲ ಮೇಲೆ ಹೊತ್ತೋನನ್ನ ಜುಲೈನಲ್ಲೇ ಟೊರಾಂಟೋದ ಸಣ್ಣ ಲೀಗ್ ಟೀಮಿಗೆ ಮಾರಿದ್ರಂತೆ. ಮತ್ತೆ ಮೇಜರ್ ಲೀಗ್ ಮುಖ ನೋಡ್ಲೇ ಇಲ್ಲ, 1987ರಲ್ಲಿ ತೀರ್ಕೊಂಡ. ಬ್ರೌನ್ಸ್ ಟೀಮನ್ನೇ ಆ ಸೀಸನ್ ಮುಗೀತಿದ್ದಂಗೆ ಬಾಲ್ಟಿಮೋರ್‌ಗೆ ಮಾರಿ ಎತ್ಕೊಂಡು ಹೋದ್ರು, ತಾತನ ಅಪ್ಪ ಆಮೇಲೆ ಸ್ಕೋರ್ ಬರೆಯೋದೇ ಬಿಟ್ರಂತೆ.

ಸರಿ, ಒಪ್ಕೋಬೇಕು. ನಮ್ಮ ಮಾವಂಗೆ ಆ ಲೆಫ್ಟ್ ಆರ್ಮಿಂದಾನೇ ಬ್ಯಾಂಕಲ್ಲಿ ಕೆಲಸ ಸಿಕ್ತು, ಫಾರ್ಮ್ ಹೋದ್ಮೇಲೂ ಯಾರೂ ತೆಗೆದುಹಾಕ್ಲಿಲ್ಲ, ಈಗ ಪೆನ್ಶನ್ ಬರುತ್ತೆ, ಬೆಳಿಗ್ಗೆ ಮಲ್ಲೇಶ್ವರದಲ್ಲಿ ಕಾಫಿ ಕುಡೀತಾ ಇರ್ತಾರೆ.

ಆ ರಾತ್ರಿನೇ ಫೋನ್ ಮಾಡಿದೆ, ಮಾವ ಆ ಏಳು ವಿಕೆಟ್ ಹೇಳಿ ಬರ್ಕೋತೀನಿ ಅಂದೆ. 22 ಓವರ್, 9 ಮೇಡನ್, 41 ರನ್ ಅಂತ ಪಟಪಟ ಹೇಳಿದ್ರು, ಆರು ಜನ ಹೇಗೆ ಔಟಾದ್ರು ಅಂತಾನೂ ಹೇಳಿದ್ರು. ಏಳನೇದಕ್ಕೆ ಸ್ವಲ್ಪ ತಡೆದು, ಸ್ಲಿಪ್ಪಲ್ಲಿ ಕ್ಯಾಚು, ಹಿಡಿದೋನ ಹೆಸರು ಬರ್ತಿಲ್ಲ ಕಣೋ, ಬುಕ್ಕಲ್ಲಿ ಇತ್ತು ಅಂದ್ರು.